ಬೀಗಿತ್ತಿಯನ್ನು ಆಡಿಕೊಳ್ಳಲೊಪ್ಪದ ಫೋನು

ಮಗಳ ಮದುವೆಯ ಊಟದಲ್ಲಿ ಬೀಗಿತ್ತಿ ಅಲಮೇಲಮ್ಮನವರು ಎಲೆಯ ಮುಂದೆ ಮುಖ ಊದಿಸಿಕೊಂಡು ಕುಳಿತರು. "ನಮ್ಮನ್ನ ಆಡಿಕೊಂಡು ಒಂದು ಹಾಡೂ ಇಲ್ಲವಲ್ಲ! ನಾವೇನು ಹೊರಗಿನವರಾ? ಹಾಡು ಹೇಳೋವರೆಗೂ ನಾನು ತುತ್ತು ಎತ್ತೋಳಲ್ಲ."

ಬೀಗರ ಹಾಡು ಅಸಭ್ಯ, ಬೇಡ ಎಂದಿದ್ದವನು ನಾನೇ. ಕಾನ್ವೆಂಟಿನಲ್ಲಿ ಕಲಿತ ಶಿಸ್ತು. ಈಗ ಇಡೀ ಪಂಕ್ತಿಯ ಅನ್ನ ಆರುತ್ತಿತ್ತು. ಫೋನಿನ ಎಐ ಸಹಾಯಕನಿಗೆ ಖಡಕ್ಕಾಗಿ ಹೇಳಿದೆ: "ದಪ್ಪ ಹೆಂಗಸೊಬ್ಬಳ ಹೊಟ್ಟೆಬಾಕತನವನ್ನು ಹೀಯಾಳಿಸಿ ಹಾಡು ಬರೆ."

"ಇದು ಯಾರ ಬಗ್ಗೆ? ಅವರಿಗೆ ನೋವಾಗುವುದಿಲ್ಲವೇ?" ಎಂದಿತು ಅದು.

"ಪ್ರಶ್ನೆ ಬೇಡ, ಬರೆ!"

ಅದು ವಿನಯದಿಂದ ಮತ್ತೆ ಅದನ್ನೇ ಕೇಳಿತು. ಜನ್ಮವಿಡೀ ಸಭ್ಯತೆ ಬೋಧಿಸಿದ ನನಗೇ ಫೋನು ಸಭ್ಯತೆ ಕಲಿಸುತ್ತಿತ್ತು.

ಪಲ್ಯ ಬಡಿಸುತ್ತಿದ್ದ ನಾಗವೇಣಿ ಅತ್ತಿಗೆ ಫೋನು ಕಿತ್ತುಕೊಂಡು ಬೀಗಿತ್ತಿಯ ಮುಂದೆ ಹಿಡಿದರು. "ಹೊಟ್ಟೆ ನಿಮ್ಮದು, ಅಪ್ಪಣೆನೂ ನೀವೇ ಕೊಡಿ."

"ಹೂಂ ಕಣಪ್ಪಾ, ಇದು ಬೀಗರ ಹಾಡು. ನನ್ನನ್ನೇ ಆಡಿಕೋ. ಗೊರಕೆನೂ ಬಿಡಬೇಡ!"

"ನೀವೇ ಕೇಳುತ್ತಿದ್ದೀರಲ್ಲ, ಸಂತೋಷವಾಗಿ ಬರೆಯುತ್ತೇನೆ," ಎಂದಿತು ಫೋನು. ಅತ್ತಿಗೆ ಹಾಡಿದರು:

"ಹೋಳಿಗೆ ಕಂಡರೆ ಓಡಿಬರುವಳು ಬೀಗಿತ್ತಿ,
ಗೊರಕೆ ಹೊಡೆದರೆ ಛತ್ರವೆಲ್ಲ ನಡುಗೀತು!"

ಅಲಮೇಲಮ್ಮನವರು ನಕ್ಕು ಹೋಳಿಗೆ ಮುರಿದರು. ಬಾಯಿ ತುಂಬಿಕೊಂಡೇ ನನ್ನತ್ತ ಕೈ ತೋರಿಸಿದರು. "ಈ ಗಂಟುಮುಖದ ಬೀಗರ ಮೇಲೂ ಒಂದು ಬರಲಿ."

"ಅವರು ಒಪ್ಪಿದ್ದಾರೆಯೇ?" ಎಂದಿತು ಫೋನು.

ಇಡೀ ಪಂಕ್ತಿ ನನ್ನತ್ತ ತಿರುಗಿತು. "ಒಪ್ಪಿದ್ದೇನೆ. ಆದರೆ ಪ್ರಾಸ ತಪ್ಪಬಾರದು," ಎಂದೆ.

ಹಾಡು ಬಂತು. ಪಂಕ್ತಿಯವರು ಅದನ್ನು ಎರಡು ಸಲ ಹಾಡಿಸಿದರು. ಎರಡು ಸಲವೂ ಕಿವಿಗೊಟ್ಟು ಕೇಳಿದೆ. ಪ್ರಾಸ ಎಲ್ಲೂ ತಪ್ಪಿರಲಿಲ್ಲ.