ಪಾದ್ರಿ ಹೇಳದೆ ಬಿಟ್ಟ ಹೆಸರು

ಶಿಷ್ಯನೊಬ್ಬ ಕೇಳಿದ: “ಗುರುಗಳೇ, ರಷ್ಯಾದ ಅರಸರ ಚರಿತ್ರೆ ಓದುತ್ತಿದ್ದೇನೆ. ಒಂದು ಕಾಲದಲ್ಲಿ ಇಬ್ಬರು ತಾವೇ ಝಾರ್ ದೊರೆ ಎಂದು ಹೇಳಿಕೊಂಡರಂತೆ. ಆಗ ಪ್ರಜೆಗಳು ಯಾರನ್ನು ಒಡೆಯನೆಂದು ಒಪ್ಪಬೇಕಿತ್ತು?”

ಗುರು ಹೇಳಿದರು:

ಆ ಕಾಲದಲ್ಲಿ ನದಿಯ ದಡದ ಒಂದು ಊರಿನಲ್ಲಿ ಒಬ್ಬ ಪಾದ್ರಿಯಿದ್ದ; ಅಲ್ಲಿಯ ಪಾದ್ರಿಗಳಿಗೆ ಮದುವೆಯುಂಟು. ಪ್ರತಿ ಭಾನುವಾರ ಇಗರ್ಜಿಯಲ್ಲಿ ದೊರೆಯ ಹೆಸರು ಹೇಳಿ ಅವನ ಒಳಿತಿಗೆ ಪ್ರಾರ್ಥಿಸುವುದು ಅವನ ಕರ್ತವ್ಯ. ಹಳೆಯ ರಾಜವಂಶ ಮುಗಿದಿತ್ತು. ಮಾಸ್ಕೋದ ಅರಮನೆಯಲ್ಲಿ ಒಬ್ಬ ಝಾರ್. ನಗರದ ಹೊರಗೆ ಸೈನ್ಯದೊಂದಿಗೆ ಬೀಡುಬಿಟ್ಟ ಇನ್ನೊಬ್ಬ, ಸತ್ತನೆನ್ನಲಾದ ರಾಜಕುಮಾರ ತಾನೇ ಎನ್ನುತ್ತಿದ್ದ. ಪಕ್ಕದ ಊರಿನ ಪಾದ್ರಿ ಇವರಲ್ಲಿ ಒಬ್ಬನ ಹೆಸರು ಹೇಳಿದ. ಕೇಳಿಸಿಕೊಂಡವರು ಇನ್ನೊಬ್ಬನ ಕಡೆಯವರು. ಅವನನ್ನು ಇಗರ್ಜಿಯ ಬಾಗಿಲಲ್ಲೇ ನೇಣಿಗೆ ಹಾಕಿದರು.

ಆ ಶನಿವಾರ ಸಂಜೆ ನದಿದಡದ ಪಾದ್ರಿಯನ್ನು ಅವನ ಹೆಂಡತಿ ಕೇಳಿದಳು: “ನಾಳೆ ಯಾರ ಹೆಸರು ಹೇಳುತ್ತೀರಿ?”

“ಬರುವ ಸೈನಿಕರು ಯಾರ ಕಡೆಯವರೋ ಅವರ ದೊರೆಯ ಹೆಸರು.”

“ಯಾರ ಕಡೆಯವರೆಂದು ಗೊತ್ತಾಗದಿದ್ದರೆ?”

ಅವನು ರೊಟ್ಟಿಯನ್ನು ಮುಟ್ಟದೆ ಎದ್ದುಹೋದ.

ಮರುದಿನ ಕೆಲವು ಸವಾರರು ಬಂದು ಹಿಂದಿನ ಸಾಲಿನಲ್ಲಿ ನಿಂತರು. ಪಾದ್ರಿ ಅವರ ಟೋಪಿ ನೋಡಿದ, ಕತ್ತಿಯ ಪಟ್ಟಿ ನೋಡಿದ. ಏನೂ ತಿಳಿಯಲಿಲ್ಲ. ಊರಿನವರ ಕಡೆ ನೋಡಿದ. ಎಲ್ಲರೂ ನೆಲ ನೋಡುತ್ತಿದ್ದರು. ಅವನು ಹೇಳುವ ಹೆಸರಿಗೆ ಅವರೂ ಆಮೆನ್ ಎನ್ನಬೇಕಿತ್ತು. ಅವನು ಪ್ರಾರ್ಥನೆಯನ್ನು ಎಳೆದ. ಎಷ್ಟು ಎಳೆದರೂ ದೊರೆಯ ಹೆಸರು ಹೇಳಬೇಕಾದ ಸಾಲು ಬಂದೇ ಬಂತು.

“ಪ್ರಭುವೇ, ನಮ್ಮನ್ನು ಆಳುವವನನ್ನು ಕಾಪಾಡು. ಅವನು ಯಾರೆಂಬುದು ನಿನಗೆ ಗೊತ್ತು” ಎಂದ. ಊರಿನವರು ಸಣ್ಣ ದನಿಯಲ್ಲಿ ಆಮೆನ್ ಎಂದರು.

ಪ್ರಾರ್ಥನೆ ಮುಗಿದ ಮೇಲೆ ಸವಾರರ ನಾಯಕ ಹತ್ತಿರ ಬಂದ. “ಹೆಸರು ಯಾಕೆ ಹೇಳಲಿಲ್ಲ?”

“ಹೇಳಿದರೆ ಈ ಊರು ಒಬ್ಬರಿಗೆ ವೈರಿಯಾಗುತ್ತಿತ್ತು.”

“ಹೇಳದೆ ಇಬ್ಬರಿಗೂ ಆಯಿತು” ಎಂದ ನಾಯಕ.

ಪಾದ್ರಿಯ ಕೈಕಟ್ಟಿ ಕುದುರೆಯ ಮೇಲೆ ಕೂರಿಸಿಕೊಂಡು ಹೋದರು. ಹೆಂಡತಿ ನದಿಯವರೆಗೂ ಹಿಂದೆ ಓಡಿದಳು. ನೀವು ಯಾವ ಝಾರನ ಕಡೆಯವರು ಎಂದು ಕೇಳಿದಳು. ಸವಾರರು ತಿರುಗಿ ನೋಡದೆ ನದಿ ದಾಟಿದರು. ಗಂಡನನ್ನು ಬಿಡಿಸಿಕೊಳ್ಳಲು ಯಾರ ಕಾಲು ಹಿಡಿಯಬೇಕೆಂದೇ ಅವಳಿಗೆ ತಿಳಿಯಲಿಲ್ಲ. ಒಬ್ಬನ ಬಳಿ ಹೋಗಿ ಬೇಡಿ, ಗಂಡ ಇನ್ನೊಬ್ಬನ ಸೆರೆಯಲ್ಲಿದ್ದರೆ, ಆ ಬೇಡಿಕೆಯೇ ಅವನನ್ನು ಕೊಲ್ಲುತ್ತಿತ್ತು. ಅವಳು ದಡದಲ್ಲೇ ನಿಂತಳು.

ಗುರು ಅಲ್ಲಿಗೆ ನಿಲ್ಲಿಸಿದರು. ಶಿಷ್ಯ ಕೇಳಿದ:

“ಆ ಇಬ್ಬರಲ್ಲಿ ಕೊನೆಗೆ ಗೆದ್ದವರು ಯಾರು, ಗುರುಗಳೇ?”

“ಪಾದ್ರಿ ಮನೆಗೆ ಬಂದನೇ ಎಂದು ಕೇಳುತ್ತೀಯೆಂದು ಕಾಯುತ್ತಿದ್ದೆ” ಎಂದರು ಗುರು.