ಹೊರಡುವ ಮುನ್ನ ಕೊರೊಕ್ಕೆ

ಬುಂತಾ ಗಂಟುಮೂಟೆ ಕಟ್ಟಿಕೊಂಡೇ ಗುರುಗಳ ಮುಂದೆ ಬಂದು ನಿಂತ.

ಜಪಾನಿನ ಒಂದು ನದಿದಂಡೆ, ಅಲ್ಲೊಂದು ಪುಟ್ಟ ಬೌದ್ಧ ಮಠ. ಗುರುಗಳ ಹೆಸರು ಮೊಕುಜು. ಬುಂತಾ ಅವರ ಶಿಷ್ಯ, ಮಠದ ಅಡುಗೆಯವನೂ ಅವನೇ. ಮನುಷ್ಯ ಅಪರಂಜಿ, ಆದರೆ ಕೋಪ ಮಾತ್ರ ಮೂಗಿನ ತುದಿಯಲ್ಲೇ.

“ನಾನು ಹೊರಟೆ ಗುರುಗಳೇ. ಈ ಮಠಕ್ಕೂ ನನಗೂ ಋಣ ತೀರಿತು. ಸಂಜೆ ದೋಣಿ ಹಿಡೀತೀನಿ.”

“ಸರಿ,” ಅಂದರು ಗುರುಗಳು.

ಬುಂತಾನಿಗೆ ಇನ್ನಷ್ಟು ಉರಿಯಿತು. ಯಾಕಪ್ಪಾ, ಏನಾಯ್ತು ಅಂತ ಒಂದು ಮಾತಾದರೂ ಕೇಳಬಾರದೇ?

“‘ತಾಳಿದವನು ಬಾಳಿಯಾನು’ ಅಂತ ಮಾತ್ರ ಹೇಳಬೇಡಿ!”

“ಹೇಳಲ್ಲ ಮಾರಾಯ. ನನಗೆ ಕೊರೊಕ್ಕೆ ತಿನ್ನಬೇಕು ಅನ್ನಿಸಿದೆ. ಕರಿದು ಕೊಟ್ಟು ಹೋಗು.”

ಕೊರೊಕ್ಕೆ ಅಂದರೆ ನಮ್ಮ ಆಲೂಬೋಂಡಕ್ಕೆ ದೂರದ ನೆಂಟ ಅನ್ನಿ. ಬೆಂದ ಆಲೂಗಡ್ಡೆ ನುರಿದು, ವಡೆಯ ಹಾಗೆ ತಟ್ಟಿ, ಹಿಟ್ಟು ಕಲಸಿದ ನೀರಲ್ಲಿ ಅದ್ದಿ, ಒಣ ಬ್ರೆಡ್ಡಿನ ತರಿಯಲ್ಲಿ ಹೊರಳಿಸಿ ಕರಿಯುವುದು. ಹಬ್ಬದ ಅಡುಗೆಯೇನಲ್ಲ. ನಿನ್ನೆಯ ಪಲ್ಯ ಉಳಿದಿದ್ದರೆ ಇವತ್ತು ಕೊರೊಕ್ಕೆ, ಅಲ್ಲಿ ಮನೆಮನೆಯಲ್ಲೂ ಇದೇ ಕಥೆ.

“ಹೊರಟು ನಿಂತವನಿಗೂ ಚಾಕರಿ ತಪ್ಪಲಿಲ್ಲ,” ಎಂದು ಗೊಣಗುತ್ತ ಬುಂತಾ ಅಡುಗೆಮನೆಗೆ ನಡೆದ. ಗುರುಗಳೂ ಹಿಂದೆಯೇ ಬಂದು, ತಟ್ಟೆ ಹಿಡಿದು ಒಲೆಯ ಪಕ್ಕ ಕೂತರು.

ನಿನ್ನೆ ಉಳಿದಿದ್ದ ಆಲೂಗಡ್ಡೆ ಪಲ್ಯವನ್ನು ಬುಂತಾ ಬಿಸಿ ಮಾಡಿ ನುರಿದ. ಅದು ಆರಿದ ಮೇಲೆ ತಟ್ಟಬೇಕು ಅಂತ ಅವನಿಗೆ ಗೊತ್ತಿಲ್ಲದ್ದೇನಲ್ಲ. ಆದರೆ ಸಿಟ್ಟಿನಲ್ಲಿರುವವನಿಗೆ ಪುರಸೊತ್ತೆಲ್ಲಿ? ಹಬೆಯಾಡುತ್ತಿದ್ದಾಗಲೇ ಕೈ ಹಾಕಿದ. ಅಂಗೈ ಸುಟ್ಟುಕೊಂಡ, ಉಫ್ ಉಫ್ ಅಂತ ಊದಿಕೊಂಡ, ಒಂದನ್ನು ತಟ್ಟಿ ಎಣ್ಣೆಗೆ ಬಿಟ್ಟ.

ಫಟ್!

ಕೊರೊಕ್ಕೆ ಬಾಯಿಬಿಟ್ಟು, ಒಳಗಿನದೆಲ್ಲ ಎಣ್ಣೆಪಾಲಾಯಿತು.

“ನೋಡಿ, ಈ ಎಣ್ಣೆಗೂ ನನ್ನ ಮೇಲೆ ಹಗೆ!”

“ಇಲ್ಲಿ ಹಾಕು,” ಎಂದು ಗುರುಗಳು ತಟ್ಟೆ ಚಾಚಿದರು. ಚೂರುಗಳನ್ನು ಆಯ್ದು ಆಯ್ದು ತಿಂದರು. “ರುಚಿಗೇನೂ ಮೋಸ ಇಲ್ಲ. ಇನ್ನೊಂದು?”

ಬುಂತಾ ಹಟಕ್ಕೆ ಬಿದ್ದ. ಈ ಸಲ ಹಿಟ್ಟು ದಪ್ಪ, ಬ್ರೆಡ್ಡಿನ ತರಿ ಇನ್ನೂ ದಪ್ಪ. ಚಳಿಗಾಲದಲ್ಲಿ ಕೂಸಿಗೆ ಕಂಬಳಿ ಸುತ್ತಿದ ಹಾಗೆ ಸುತ್ತಿದ.

“ಈಗ ಒಡೀಲಿ, ಅದರ ಧೈರ್ಯ ನೋಡೇಬಿಡ್ತೀನಿ!”

ಢಮಾರ್!

ಎಣ್ಣೆ ಒಲೆಯ ಸುತ್ತ ಸಿಡಿಯಿತು. ಒಂದು ತುಣುಕು ಹಾರಿ ಗುರುಗಳ ಹುಬ್ಬಿನ ಮೇಲೆ ಕೂತಿತು. ಗುರುಗಳು ಅದನ್ನು ತೆಗೆದು ಬಾಯಿಗೆ ಹಾಕಿಕೊಂಡರು.

“ಮೇಲೆ ದಪ್ಪ ಹಚ್ಚಿದೆ, ಸದ್ದು ಜೋರಾಯ್ತು,” ಅಂದರು. “ವಾರವೆಲ್ಲ ಒಳಗೆ ಕುದೀತಾ ಮೇಲೆ ಹಲ್ಲು ಕಿರಿದುಕೊಂಡು ಓಡಾಡಿದೆಯಲ್ಲ ನೀನು, ಹಾಗೇ.”

ಬುಂತಾನ ಕೈ ಅಲ್ಲೇ ನಿಂತಿತು.

ಅಷ್ಟರಲ್ಲಿ ಹೊರಗೆ ಮಠದ ಗಂಟೆ ಮೊಳಗಿತು. ಢಣ್. ಆಮೇಲೆ ಸದ್ದೇ ಇಲ್ಲ. ಆಮೇಲೆ, ನೆನಪಾದ ಹಾಗೆ, ಢಣ್ ಢಣ್.

ಬುಂತಾ ದೊಪ್ಪನೆ ನೆಲಕ್ಕೆ ಕೂತುಬಿಟ್ಟ. ಕಣ್ಣಲ್ಲಿ ನೀರು ತುಂಬಿತ್ತು.

“ಆ ಗಂಟೆ ಬಾರಿಸೋ ಕೆಲಸ ನನಗೆ ಸಿಗುತ್ತೆ ಅಂದುಕೊಂಡಿದ್ದೆ ಗುರುಗಳೇ. ಸೌಟಿನಿಂದ ಪಾತ್ರೆ ಬಡಿದು ಬಡಿದು ಅಭ್ಯಾಸ ಮಾಡ್ತಿದ್ದೆ. ನೀವು ನೋಡಿದರೆ ನಿನ್ನೆಮೊನ್ನೆ ಬಂದ ಆ ಸೇಜುನ್‌ಗೆ ಕೊಟ್ಟುಬಿಟ್ಟಿರಿ. ಅವನಿಗೆ ತನ್ನ ನಿಲುವಂಗಿಯ ಹಿಂದು ಯಾವುದು ಮುಂದು ಯಾವುದು ಅಂತ ಗೊತ್ತಿಲ್ಲ! ನನ್ನನ್ನ ಒಂದು ಮಾತು ಕೇಳಲಿಲ್ಲ ನೀವು. ನಾನೇನು ಆಲೂಗಡ್ಡೆ ಸುಲಿಯೋದಕ್ಕೇ ಹುಟ್ಟಿದವನಾ? ತುಂಬಾ ನೋವಾಯ್ತು ಗುರುಗಳೇ. ಹೊಟ್ಟೆ ಉರೀತಿದೆ.”

ಗುರುಗಳು ಎದ್ದರು. ಉಳಿದ ಆಲೂಗಡ್ಡೆಯ ತಟ್ಟೆಯನ್ನು ಒಲೆಯ ಪಕ್ಕದಿಂದ ತೆಗೆದು ಕಿಟಕಿಯ ಕಟ್ಟೆಯ ಮೇಲಿಟ್ಟರು. ಬಂದು ಬುಂತಾನ ಪಕ್ಕದಲ್ಲೇ ನೆಲದ ಮೇಲೆ ಕೂತರು.

ಬುಂತಾ ಹೇಳಿದ, ಅತ್ತ, ಸೇಜುನ್‌ನನ್ನು ಬೈದ, ಗುರುಗಳನ್ನೂ ಸ್ವಲ್ಪ ಬೈದ, ಮತ್ತೆ ಮೊದಲಿನಿಂದ ಹೇಳಿದ. ಗುರುಗಳು ಹೂಂಗುಟ್ಟುತ್ತಿದ್ದರು. ನದಿಯ ಕಡೆಯಿಂದ ಗಾಳಿ ಬೀಸುತ್ತಿತ್ತು.

“ಮುಗೀತಾ?”

“ಮುಗೀತು.”

“ನಿನ್ನನ್ನ ಕೇಳಬೇಕಿತ್ತು. ಕೇಳಲಿಲ್ಲ, ನನ್ನದೇ ತಪ್ಪು. ಈಗ ಮೂಗು ಒರೆಸಿಕೋ. ಕೈ ತೊಳೆದುಕೊಂಡು ತಟ್ಟು.”

ಬುಂತಾ ಕಿಟಕಿಯಿಂದ ತಟ್ಟೆ ತಂದ. ಆಲೂಗಡ್ಡೆ ತಣ್ಣಗಾಗಿತ್ತು. ಕೈಗೆ ಅಂಟಲಿಲ್ಲ, ಸುಡಲೂ ಇಲ್ಲ. ಎರಡು ತಟ್ಟಿದ, ತೆಳ್ಳಗೆ ತರಿ ಹಚ್ಚಿ ಎಣ್ಣೆಗೆ ಬಿಟ್ಟ. ಬಿಟ್ಟವನೇ ಕಡ್ಡಿಯಿಂದ ತಿವಿಯಲು ಹೋದ.

ಗುರುಗಳು ಕಡ್ಡಿ ಕಿತ್ತುಕೊಂಡರು. “ಅದರ ಪಾಡಿಗೆ ಅದನ್ನ ಬಿಡೋ.”

ಕೈಕಟ್ಟಿ ನಿಲ್ಲುವುದು ಬುಂತಾನಿಗೆ ಎಷ್ಟು ಕಷ್ಟವಾಯಿತೋ ದೇವರೇ ಬಲ್ಲ. ಎರಡೂ ಹೊಂಬಣ್ಣಕ್ಕೆ ತಿರುಗಿ, ಇಡಿಯಾಗಿ ಮೇಲೆ ತೇಲಿದವು.

“ಒಡೀಲಿಲ್ಲ ಗುರುಗಳೇ! ಒಡೀಲಿಲ್ಲ!” ಅವನಿಗೆ ನಗು ಬಂತು. ಮರುಗಳಿಗೆಗೆ ತಾನು ಸಿಟ್ಟಿನಲ್ಲಿರುವವನು ಎಂಬುದು ನೆನಪಾಗಿ ಮುಖ ಬಿಗಿದುಕೊಂಡ. “ಆದರೂ ಹೇಳಿ. ಗಂಟೆ ಯಾಕೆ ನನಗೆ ಕೊಡಲಿಲ್ಲ?”

“ಸೇಜುನ್ ಗಂಟೆ ಕೆಡಿಸಿದರೆ ಊರವರು ನಗ್ತಾರೆ. ಅಡುಗೆ ಕೆಡಿಸಿದರೆ ನಾನು ಅಳಬೇಕಾಗುತ್ತೆ.”

ನಗಬೇಕೋ ಮತ್ತೆ ಸಿಟ್ಟಾಗಬೇಕೋ ಬುಂತಾನಿಗೆ ತಿಳಿಯಲಿಲ್ಲ. ಕೆಳಗೆ ದಂಡೆಯಲ್ಲಿ ದೋಣಿಯವನು ಕೂಗುತ್ತಿದ್ದ, “ಬರೋರು ಯಾರಾದ್ರೂ ಇದ್ದೀರಾ?”

ಬುಂತಾ ಬಾಗಿಲ ಬಳಿಯಿದ್ದ ತನ್ನ ಗಂಟನ್ನು ನೋಡಿದ. ತಟ್ಟೆಯನ್ನು ನೋಡಿದ.

“ಹೋಗಲಾ, ಇರಲಾ? ನೀವೇ ಹೇಳಿಬಿಡಿ ಗುರುಗಳೇ.”

ಗುರುಗಳು ಅವನ ಗಂಟನ್ನು ಎತ್ತಿಕೊಂಡು ಹೋಗಿ, ಆಲೂಗಡ್ಡೆಯ ತಟ್ಟೆ ಇದ್ದ ಜಾಗದಲ್ಲೇ, ಕಿಟಕಿಯ ಕಟ್ಟೆಯ ಮೇಲಿಟ್ಟರು. ಹಿಂದಿರುಗಿ ಬಂದು ಒಂದು ಕೊರೊಕ್ಕೆಯನ್ನು ಅವನ ಕಡೆ ಸರಿಸಿದರು.

“ಅದು ಅಲ್ಲಿ ಆರಲಿ. ನೀನು ಇದನ್ನ ಬಿಸಿ ಇರುವಾಗಲೇ ತಿನ್ನು.”