ಅಳಿಸಿದ ಹೆಜ್ಜೆ

ಆ ಮರಳುಗಾಡಿಗೆ ಇನ್ನೂ ರಸ್ತೆ ಬಂದಿರಲಿಲ್ಲ. ಬರಲಿರುವ ರಸ್ತೆಯ ಬಗ್ಗೆ ಸಾಕ್ಷ್ಯಚಿತ್ರ ಮಾಡಲು ನಾಗಭೂಷಣ ಮೇಷ್ಟ್ರು ತಮ್ಮ ಶಿಷ್ಯ ಸುಧನ್ವನ ಜೊತೆ ಅಲ್ಲಿ ಡೇರೆ ಹಾಕಿದ್ದರು.

ಮಧ್ಯಾಹ್ನ ಮೇಷ್ಟ್ರು ಮಲಗಿ ಎದ್ದಾಗ ಸುಧನ್ವ ಕುಣಿಯುವುದೊಂದು ಬಾಕಿ.

“ಮೇಷ್ಟ್ರೇ, ನಮ್ಮ ಚಿತ್ರದ ಮೊದಲನೇ ಶಾಟ್ ಸಿಕ್ತು! ನೋಡಿ.”

ಮೇಷ್ಟ್ರು ಕ್ಯಾಮೆರಾದಲ್ಲಿ ನೋಡಿದರು. ದಿಬ್ಬದ ಹಿಂದೆ ದಿಬ್ಬ. ಎಲ್ಲೂ ಒಂದು ಗುರುತಿಲ್ಲ. ಚೆಂದವಾಗಿಯೇ ಇತ್ತು, ಸುಳ್ಳೇಕೆ ಹೇಳಬೇಕು.

“ಮನುಷ್ಯರು ಕಾಲೇ ಇಡದ ಜಾಗ ಅನ್ಸುತ್ತೆ ಅಲ್ವಾ?”

“ಬೆಳಿಗ್ಗೆ ಅಲ್ಲಿ ಹೆಜ್ಜೆ ಇದ್ವಲ್ಲೋ?”

“ಇದ್ವು. ಜೀಪಿನ ಹಿಂದೆ ಮುಳ್ಳುಕಂಟಿ ಕಟ್ಟಿ ಎಳೆದೆ. ಕಣ್ಣಿಗೆ ಕಾಣೋಷ್ಟು ದೂರ ಒಂದೂ ಉಳಿದಿಲ್ಲ.”

ಮೇಷ್ಟ್ರು ಕ್ಯಾಮೆರಾ ಕೆಳಗಿಟ್ಟರು.

“ಅವು ಫಕೀರಪ್ಪನ ಹೆಜ್ಜೆ ಕಣೋ.”

ಫಕೀರಪ್ಪ ರಸ್ತೆಯ ಸರ್ವೆ ಮಾಡುವವನು, ಗದಗದ ಕಡೆಯವನು. ಗಟ್ಟಿ ನೆಲ ಹುಡುಕಲು ಬೆಳಿಗ್ಗೆ ಒಬ್ಬನೇ ಹೋಗಿದ್ದ. “ಇವತ್ತ ಗಾಳಿ ಇಲ್ರೀ, ನನ್ನ ಹೆಜ್ಜಿ ನೋಡ್ಕೋತ ವಾಪಸ್ ಬರ್ತೀನಿ” ಎಂದು ಸುಧನ್ವನಿಗೇ ಹೇಳಿ ಹೋಗಿದ್ದ. ಜೊತೆಗಿದ್ದದ್ದು ಒಂದು ಬಾಟಲಿ ನೀರು. ಅಲ್ಲಿ ಫೋನಿಗೆ ಸಿಗ್ನಲ್ಲೂ ಇಲ್ಲ.

“ನಂಗೆ ಹೊಳೀಲೇ ಇಲ್ಲ ಮೇಷ್ಟ್ರೇ...”

ಮೇಷ್ಟ್ರು ಬೈಯಲಿಲ್ಲ. ಜೀಪಿನ ಸ್ಟೆಪ್ನಿ ಇಳಿಸಿ, ದಿಬ್ಬದ ಮೇಲಕ್ಕೆ ಉರುಳಿಸಿಕೊಂಡು ಹೋಗಿ, ಡೀಸೆಲ್ ಸುರಿದು, ಹೊಗೆ ಕಂಡಾದರೂ ಅವನು ಬರಲಿ ಎಂದು ಬೆಂಕಿ ಇಟ್ಟರು. ಕರಿಹೊಗೆ ನೆಟ್ಟಗೆ ಮೇಲೆದ್ದಿತು.

“ಜೀಪ್ ತಗೊಂಡು ಹುಡುಕೋಣ, ಬನ್ನಿ!”

“ದಿಬ್ಬ ದಾಟಿ ಅವ್ನು ಎತ್ತ ತಿರುಗಿದ್ನೋ. ಯಾವ ಕಡೆ ಹುಡುಕ್ತೀಯ?”

ಸುಧನ್ವ ಜೀಪಿನ ಮೇಲೆ ಹತ್ತಿ ನಿಂತು ನೋಡಿದ. ಎತ್ತ ನೋಡಿದರೂ ತಾನೇ ಗುಡಿಸಿಟ್ಟ ಮರಳು.

ಹೊಗೆ ತೆಳುವಾಯಿತು. ಮೇಷ್ಟ್ರು ಜೀಪಿನ ಚಕ್ರವನ್ನೇ ಬಿಚ್ಚತೊಡಗಿದರು. ಶಿಷ್ಯನೂ ಕೈ ಹಾಕಿದ. ಅದಕ್ಕೂ ಬೆಂಕಿ ಬಿತ್ತು.

ಹೊತ್ತು ಇಳಿಯುವಾಗ ದೂರದಲ್ಲಿ ಒಬ್ಬ ಮನುಷ್ಯ ಕಂಡ. ನಡೆಯುತ್ತಿರಲಿಲ್ಲ, ತೆವಳುತ್ತಿದ್ದ.

ಸುಧನ್ವ ಓಡಿಹೋಗಿ ಗುಟುಕು ಗುಟುಕಾಗಿ ನೀರು ಕುಡಿಸಿದ. ಫಕೀರಪ್ಪನ ತುಟಿ ಒಡೆದು ರಕ್ತ ಬಂದಿತ್ತು.

“ನಾ ಬಂದ ದಾರೀನ ಇದ್ದಿಲ್ರೀ,” ಎಂದ. “ಸತ್ತೇ ಹೋಗೀನೇನೋ ಅನ್ಕೊಂಡೆ. ಸತ್ತೋರಿಗೆ ಹೆಜ್ಜಿ ಮೂಡಂಗಿಲ್ಲಂತಲ್ರೀ.”

“ಅಳಿಸಿದ್ದು ನಾನು,” ಎಂದು ಸುಧನ್ವ ಅವನ ಕಾಲು ಹಿಡಿದು ಅತ್ತುಬಿಟ್ಟ.

ಫಕೀರಪ್ಪ ಅವನನ್ನೇ ದಿಟ್ಟಿಸಿದ. ಆಮೇಲೆ ಕಾಲು ಹಿಂದಕ್ಕೆ ಎಳೆದುಕೊಂಡ.

ಶಿಷ್ಯ ಡೇರೆಗೆ ಬಂದು ಕ್ಯಾಮೆರಾ ಎತ್ತಿಕೊಂಡ.

“ಮೇಷ್ಟ್ರೇ, ಆ ಶಾಟ್ ಡಿಲೀಟ್ ಮಾಡಿಬಿಡ್ತೀನಿ.”

“ಬೇಡ,” ಎಂದರು ಮೇಷ್ಟ್ರು. “ಹೆಜ್ಜೆ ಅಳಿಸಿದ ಕಥೇನೂ ಅದರ ಜೊತೆ ಸೇರಿಸು. ಯಾರೂ ಇಲ್ಲದ ಮರಳುಗಾಡನ್ನ ಹೇಗೆ ಮಾಡ್ತಾರೆ ಅಂತ ಜನ ನೋಡ್ಲಿ.”